ಸವತಿಯ ಆಟದ ಡಬ್ಬಗಳು

ಹೊನ್ನಾಳಿಯ ನಮ್ಮ ಬಾಡಿಗೆ ಮನೆಯ ಅಟ್ಟದಿಂದ ನನ್ನ ಗಂಡ ಆಟದ ಡಬ್ಬಗಳನ್ನು ಒಂದೊಂದಾಗಿ ಇಳಿಸಿ ಕೊಡುತ್ತಿದ್ದರು. ನಾನು ಕೆಳಗೆ ನಿಂತು ಒಂದು ಕೈಯಲ್ಲಿ ಸ್ಟೂಲು ಹಿಡಿದು ಇನ್ನೊಂದು ಕೈಯಲ್ಲಿ ತೆಗೆದುಕೊಂಡು ಚಾಪೆಯ ಮೇಲೆ ಇಡುತ್ತಿದ್ದೆ. ಮದುವೆಯಾಗಿ ಇನ್ನೂ ವರ್ಷ ತುಂಬಿರಲಿಲ್ಲ. ಹಳೇ ಬೆಡ್‌ಶೀಟಿನಲ್ಲಿ ಕಟ್ಟಿದ ಗಂಟುಗಳು ಅಟ್ಟದ ಮೇಲಿರುವುದನ್ನು ನಾನು ಬಂದ ವಾರವೇ ನೋಡಿದ್ದೆ. ಏನೆಂದು ಕೇಳಿರಲಿಲ್ಲ. ಯಾರವು ಎಂಬುದು ಕೇಳದೆಯೂ ಗೊತ್ತಿತ್ತು.

ನಾನು ಅವರ ಎರಡನೆಯ ಹೆಂಡತಿ. ಮೊದಲನೆಯಾಕೆ ಕಾಯಿಲೆ ಬಿದ್ದು ತೀರಿಕೊಂಡ ಕೆಲವು ವರ್ಷಗಳ ಮೇಲೆ ಅವರು ನನ್ನನ್ನು ಮದುವೆಯಾದರು. ಅವರಿಗೆ ಮಕ್ಕಳಿರಲಿಲ್ಲ. ಜನ ಮದುವೆಯ ವಯಸ್ಸು ಅಂತ ಏನನ್ನು ಕರೆಯುತ್ತಾರೋ ಅದನ್ನು ನಾನೂ ದಾಟಿಬಿಟ್ಟಿದ್ದೆ. ಚನ್ನಗಿರಿಯ ಒಂದು ಡಿಟಿಪಿ ಅಂಗಡಿಯಲ್ಲಿ ಕೂತು ಊರವರ ಲಗ್ನಪತ್ರಿಕೆಗಳನ್ನೆಲ್ಲ ಟೈಪ್ ಮಾಡಿದವಳು ನಾನು. ನನಗಿಂತ ಎಷ್ಟೋ ಚಿಕ್ಕವರ ಹೆಸರುಗಳನ್ನು ದಪ್ಪ ಅಕ್ಷರದಲ್ಲಿ ಜೋಡಿಸಿ, ಗಣಪತಿಯ ಚಿತ್ರ ಕೂರಿಸಿ, ಪ್ರೂಫ್ ತಿದ್ದಿ ಕಳಿಸಿದ ಮೇಲೆ ಮನೆಗೆ ಹೋಗಿ ಅವ್ವನ ಜೊತೆ ಊಟ ಮಾಡುತ್ತಿದ್ದೆ. ಹೊಟ್ಟೆಕಿಚ್ಚು ನನಗೆ ಹೊಸದಲ್ಲ. ಆದರೆ ಅದು ಬದುಕಿರುವವರ ಮೇಲಿನದ್ದಾಗಿತ್ತು. ಅದಕ್ಕೆ ಒಂದು ಮಿತಿ ಇರುತ್ತದೆ. ಮದುವೆಯಾದ ಹುಡುಗಿ ಆರು ತಿಂಗಳಿಗೆ ಅಂಗಡಿಗೆ ಬಂದು ಅತ್ತೆಯ ಮೇಲೆ ದೂರು ಹೇಳಿದರೆ ಅರ್ಧ ಇಳಿದುಹೋಗುತ್ತಿತ್ತು.

ನನ್ನ ಗಂಡ ಪಶು ಇಲಾಖೆಯಲ್ಲಿ ಇನ್ಸ್‌ಪೆಕ್ಟರ್. ಈಗ ನ್ಯಾಮತಿಯ ಆಸ್ಪತ್ರೆಗೆ ದಿನಾ ಬೈಕಿನಲ್ಲಿ ಹೋಗಿಬರುತ್ತಾರೆ. ಮೊದಲು ಜಗಳೂರಿನಲ್ಲಿದ್ದರು. ಅಲ್ಲಿ ಕುರಿಗಳು ಬಹಳ, ಹಾಗಾಗಿ ಕೆಲಸವೂ ಬಹಳ. ಅಲ್ಲಿಯ ಹುಡುಗಿಯನ್ನೇ ಮದುವೆಯಾಗಿ ಅಲ್ಲೇ ಸಂಸಾರ ಮಾಡಿದ್ದರು. ಹಾಲ್‌ನ ಗೋಡೆಯ ಮೇಲೆ ಆಕೆಯ ಫೋಟೋ ಇದೆ. ಅಗಲ ಹಣೆ, ನಗಲೋ ಬೇಡವೋ ಎಂಬಂಥ ತುಟಿ. ಗಂಧದ ಹಾರವನ್ನು ಒರೆಸಿ ಮತ್ತೆ ಹಾಕುವವಳು ನಾನೇ. ಆ ಫೋಟೋ ನನಗೆ ಏನೂ ಮಾಡಿರಲಿಲ್ಲ. ಫೋಟೋದಲ್ಲಿರುವವರು ಎಲ್ಲರ ಮನೆಯಲ್ಲೂ ಒಂದೇ ಥರ ಇರುತ್ತಾರೆ. ಡಬ್ಬಗಳ ವಿಷಯ ಬೇರೆಯಾಯಿತು.

"ಇವನ್ನೆಲ್ಲ ಆನ್‌ಲೈನ್‌ನಾಗೆ ಹಾಕಬೇಕು," ಎಂದರು, ಸ್ಟೂಲಿನಿಂದ ಇಳಿದು ಕೈಯ ಧೂಳು ಕೊಡವುತ್ತ.

"ಮಾರಾಕಾ?"

"ಮಾರಾಕಲ್ಲ. ಕ್ಯಾಟಲಾಗು. ಹಳೇ ಆಟ ಕೂಡಿಡೋರದು ಒಂದು ಸೈಟ್ ಐತೆ. ಯಾರ ಹತ್ರ ಯಾವ ಆಟ ಐತೆ, ಹೆಂಗೈತೆ ಅಂತ ಎಲ್ರೂ ಹಾಕ್ತಾರೆ. ನಾನೂ ಹಾಕಾಕೆ ಶುರು ಮಾಡಿದ್ದೆ. ಎಲ್ಲದಕ್ಕೂ ಚೆನ್ನಾಗಿದೆ ಅಂತ ಬರೆದೆ ಅಂತ ಅವರು ವಾಪಸ್ ಕಳ್ಸಿದ್ರು. ನೀನು ಬರೆದ್ರೆ ನೆಟ್ಟಗೆ ಬರೀತೀಯ."

ಫೋನಿನಲ್ಲಿ ತೋರಿಸಿದರು. ಪ್ರತಿ ಆಟಕ್ಕೂ ಒಂದು ಪುಟ. ಫೋಟೋ, ಎಲ್ಲಿ ಮಾಡಿದ್ದು, ಎಷ್ಟು ಜನ ಆಡಬಹುದು. ಕೊನೆಗೆ ಸ್ಥಿತಿ ಎಂಬ ಜಾಗ. ಡಬ್ಬ, ಹಲಗೆ, ಕಾಯಿಗಳು, ನಿಯಮದ ಹಾಳೆ, ಇವುಗಳಲ್ಲಿ ಒಂದೊಂದರದೂ ಬೇರೆ ಬೇರೆ ಬರೆಯಬೇಕು. ಮೂಲೆ ಬಿರಿದಿದೆಯೋ, ಬಣ್ಣ ಹೋಗಿದೆಯೋ, ಕಲೆ ಬಿದ್ದಿದೆಯೋ, ಏನಾದರೂ ಕಳೆದಿದೆಯೋ, ಕಳೆದದ್ದಕ್ಕೆ ಬದಲಿ ಇಟ್ಟಿದ್ದಾರೋ. ಕನ್ನಡದಲ್ಲೂ ಬರೆಯಬಹುದಿತ್ತು. ಅಕ್ಷರ ನೋಡಿ ಬದುಕಿದ ಕಣ್ಣು ನನ್ನದು, ಒಂದು ಚುಕ್ಕಿ ಹೆಚ್ಚು ಬಿದ್ದರೂ ಗೊತ್ತಾಗುತ್ತದೆ. ಒಪ್ಪಿಕೊಂಡೆ. ಹೊಸದಾಗಿ ಬಂದವಳು, ಗಂಡ ಮೊದಲ ಸಲ ಒಂದು ಕೆಲಸ ಕೇಳಿದ್ದರು, ಒಲ್ಲೆ ಅನ್ನಲು ಕಾರಣವೂ ಇರಲಿಲ್ಲ.

ಅವರು ಬೆಳಿಗ್ಗೆ ನ್ಯಾಮತಿಗೆ ಹೋದ ಮೇಲೆ ಮನೆಗೆಲಸ ಮುಗಿಸಿ, ಕಿಟಕಿಯ ಹತ್ತಿರ ಬೆಳಕಿಗೆ ಕೂತು ಒಂದೊಂದೇ ಡಬ್ಬ ಬಿಚ್ಚುತ್ತಿದ್ದೆ. ಹಾವು ಏಣಿ, ಊರುಗಳನ್ನು ಕೊಂಡು ಮಾರುವ ವ್ಯಾಪಾರದ ಆಟ, ಕಳ್ಳನನ್ನು ಹುಡುಕುವ ಆಟ, ಚೌಕಾಬಾರದ ಬಟ್ಟೆ, ಒಂದು ಅಳಗುಳಿ ಮಣೆ. ಮೊದಲ ಡಬ್ಬದ ಬಗ್ಗೆ ನಾನು ಬರೆದದ್ದು ಈಗಲೂ ಆ ಸೈಟಿನಲ್ಲಿದೆ: "ಡಬ್ಬದ ಎರಡು ಮೂಲೆ ಬಿರಿದಿವೆ, ಒಳಗಿನಿಂದ ಬಟ್ಟೆ ಅಂಟಿಸಿ ಗಟ್ಟಿ ಮಾಡಲಾಗಿದೆ. ನೋಟುಗಳು ಮಡಿಕೆ ಬಿದ್ದಿವೆ, ಹರಿದಿಲ್ಲ. ಒಂದು ಕಾಯಿ ಇಲ್ಲ, ಬದಲಿಗೆ ರವಿಕೆಯ ಗುಂಡಿ." ಬರೆಯದೆ ಬಿಟ್ಟದ್ದೂ ಇತ್ತು. ಆ ಬಟ್ಟೆ ನೀಲಿ ಹೂವಿನ ಜಾಕೀಟು ಪೀಸಿನ ತುಂಡು. ಅದನ್ನು ಅಂಟಿಸಿದವಳು ಅವಸರದವಳಲ್ಲ, ಅಂಚನ್ನು ಒಳಕ್ಕೆ ಮಡಿಚಿ ಅಂಟಿಸಿದ್ದಳು. ಗುಂಡಿಯೂ ಅದೇ ನೀಲಿ. ಮುರಿದುಹೋದ ಒಂದು ಆಟಕ್ಕೆ ಬಣ್ಣ ಹೊಂದಿಸಿ ಗುಂಡಿ ಹುಡುಕುವಷ್ಟು ಸುಖ ಯಾವ ಸಂಸಾರದಲ್ಲಿತ್ತು ಎಂದು ನನ್ನ ತಲೆಗೆ ಹುಳ ಹೊಕ್ಕಿತು.

ಸಂಜೆ ಅವರು ಓದಿ, "ಪೋಸ್ಟ್‌ಮಾರ್ಟಮ್ ರಿಪೋರ್ಟ್ ಇದ್ದಂಗೈತೆ. ಒಂದೂ ಬಿಟ್ಟಿಲ್ಲ ನೋಡು," ಎಂದರು. ಮೆಚ್ಚುಗೆಯಿಂದಲೇ ಹೇಳಿದ್ದು.

"ಇವನ್ನ ಬಹಳ ಆಡೀರಿ," ಎಂದೆ.

"ಹ್ಞೂಂ. ಅವಳಿಗೆ ಬಹಳ ಹುಚ್ಚು."

"ಇಬ್ರೂ ಆಡ್ತಿದ್ರಾ?"

"ಇಬ್ರೂ ಆಡ್ತಿದ್ರು. ಕೂತ್ರೆ ಅನ್ನ ನೀರು ಬೇಡ." ಹಾಗೆಂದು ಫೋಟೋದ ಕಡೆ ನೋಡದೆ ಬಚ್ಚಲಿಗೆ ಹೋದರು.

ಅಂದಿನಿಂದ ನಾನು ಸವೆತವನ್ನೇ ಹುಡುಕತೊಡಗಿದೆ. ಹುಡುಕಿದಷ್ಟೂ ಸಿಕ್ಕಿತು. ಅಳಗುಳಿ ಮಣೆಯ ಗುಳಿಗಳೊಳಗೆ ಬೆರಳು ತಿರುಗಿ ತಿರುಗಿ ಎಣ್ಣೆ ಹಚ್ಚಿದ ಹಾಗೆ ಹೊಳಪು. ಚೌಕಾಬಾರದ ಬಟ್ಟೆಯ ಒಂದು ಮನೆಯಲ್ಲಿ ಅರಿಶಿನದ ಹೆಬ್ಬೆರಳ ಗುರುತು. ಅಡುಗೆ ಮಾಡುತ್ತ ಮಾಡುತ್ತ ಎದ್ದು ಬಂದು ಕಾಯಿ ನಡೆಸಿದ್ದಾಳೆ, ಎದುರಿಗಿದ್ದವರು ಅವಳ ಸರದಿಗಾಗಿ ಕಾದಿದ್ದಾರೆ. ನನಗಾಗಿ ಯಾರು ಏನಕ್ಕೆ ಕಾದಿದ್ದಾರೆ ಎಂದು ಲೆಕ್ಕ ಹಾಕಿದರೆ ಕಾದು ನಿಂತ ಒಂದು ಬಸ್ಸು ಕೂಡ ಸಿಗುತ್ತಿರಲಿಲ್ಲ. ಗಂಡ ಒಳ್ಳೆಯವರು. ತರಕಾರಿ ತರುತ್ತಾರೆ, ಗದರುವುದಿಲ್ಲ, ಊಟ ಹೆಂಗೈತೆ ಅಂದರೆ ಚೆನ್ನಾಗೈತೆ ಅನ್ನುತ್ತಾರೆ. ಟಿವಿಯ ಮುಂದೆ ಕೂತು ನಿದ್ದೆ ಹೋಗುತ್ತಾರೆ. ಅನ್ನ ನೀರು ಮರೆತು ಒಬ್ಬ ಹೆಂಗಸಿನ ಎದುರು ಕೂತ ಆ ಮನುಷ್ಯ ಎಲ್ಲಿ ಹೋದ? ಆಕೆಯ ಜೊತೆಗೇ ಹೋಗಿಬಿಟ್ಟನೇ? ನನಗೆ ಬಂದದ್ದು ಉಳಿದವನೇ?

ಮೊದಲ ಡಬ್ಬವನ್ನೂ ಮತ್ತೆ ಬಿಚ್ಚಿದೆ. ಅದರಲ್ಲಿದ್ದ ವ್ಯಾಪಾರದ ಆಟದ ಹಲಗೆ ನನ್ನನ್ನು ಬಹಳ ಸುಟ್ಟಿತು. ಚೌಕನೆಯ ದಪ್ಪ ರಟ್ಟು. ನಾಲ್ಕು ಅಂಚಿನಲ್ಲಿ ಎರಡು ಹೊಸದರಂತೆ ಚೂಪಾಗಿದ್ದವು. ಎದುರುಬದುರಿನ ಇನ್ನೆರಡು ಅಂಚು ಬಣ್ಣ ಹೋಗಿ, ನಾರು ಎದ್ದು, ಬಟ್ಟೆಯ ಹಾಗೆ ಮೆತ್ತಗಾಗಿದ್ದವು. ಇಬ್ಬರೇ. ಯಾವಾಗಲೂ ಇಬ್ಬರೇ, ಅದೇ ಜಾಗದಲ್ಲಿ, ಕೈ ಊರಿಕೊಂಡು. ಸ್ಥಿತಿಯ ಜಾಗಕ್ಕೆ ಸೇರಿಸಿದೆ: "ಎದುರುಬದುರಿನ ಎರಡು ಅಂಚು ತೀರಾ ಸವೆದಿವೆ. ಎರಡರ ಮೇಲೂ ಸಣ್ಣ ಸಣ್ಣ ಗೀರುಗಳಿವೆ, ಕಾರಣ ಗೊತ್ತಿಲ್ಲ." ಬರೆದು ಮುಗಿಸಿ ಹಲಗೆಯನ್ನು ಮಡಿಚುವಾಗ ಅಂಗೈಯನ್ನು ಒಂದು ಅಂಚಿನ ಮೇಲೆ ಇಟ್ಟು ನೋಡಿದೆ. ಸರಿಯಾಗಿ ಕೂತಿತು. ಥಟ್ಟನೆ ತೆಗೆದೆ.

ಅದೇ ವಾರ ಅವರು, "ಕಾಯಿ ಎಲ್ಲಾ ಸರಿ ಅದಾವೋ ನೋಡಾಕೆ ಒಂದಾಟ ಆಡಿಬಿಡನ ಬಾ," ಎಂದರು.

"ನಂಗೆ ಬರಲ್ಲ."

"ಹೇಳಿಕೊಡ್ತೀನಿ."

"ನಂಗೆ ಬ್ಯಾಡ. ಎಣಿಸಿ ನೋಡೀನಿ, ಸರಿ ಅದಾವೆ," ಎಂದು ಒಳಗೆ ಹೋಗಿ ಪಾತ್ರೆ ತೊಳೆಯತೊಡಗಿದೆ. ತೊಳೆಯುವ ಪಾತ್ರೆ ಏನೂ ಇರಲಿಲ್ಲ. ಇನ್ನೊಬ್ಬಳ ಜಾಗ ಬೆಚ್ಚಗಿರುವಾಗ ಅಲ್ಲಿ ಹೋಗಿ ಕೂರುವುದು ನನ್ನಿಂದ ಆಗುತ್ತಿರಲಿಲ್ಲ.

ಕೊನೆಯ ಗಂಟಿನಲ್ಲಿ ಒಂದು ಸಿಹಿ ಡಬ್ಬವಿತ್ತು. ಅದರೊಳಗೆ ಸೈಟಿನಲ್ಲಿ ಯಾರ ಹತ್ತಿರವೂ ಇಲ್ಲದ ಆಟ. ಅಂಗಡಿಯಿಂದ ತಂದದ್ದಲ್ಲ, ಆಕೆಯೇ ಮಾಡಿದ್ದು. ಹಳೆಯ ಲಗ್ನಪತ್ರಿಕೆಗಳ ದಪ್ಪ ಕಾಗದವನ್ನು ಎರಡು ಮೂರು ಪದರ ಅಂಟಿಸಿ ಸಣ್ಣ ಚೌಕ ಕತ್ತರಿಸಿ, ಒಂದೊಂದರ ಮೇಲೆ ಒಂದು ಕನ್ನಡ ಅಕ್ಷರ ಬರೆದಿದ್ದಳು. ಬಿಲ್ಲೆಗಳನ್ನು ಜೋಡಿಸಿ ಪದ ಕಟ್ಟುವ ಆಟ. ತಿರುಗಿಸಿದರೆ ಬೆನ್ನ ಮೇಲೆ ಬಂಗಾರದ ಬಣ್ಣದಲ್ಲಿ "ಸುಮುಹೂ" ಎಂದೋ "ರ ಸುಪುತ್ರಿ" ಎಂದೋ ಉಳಿದಿತ್ತು.

ಕನ್ನಡದಲ್ಲಿ ಅಂಥ ಆಟ ಮಾಡುವುದು ಸುಲಭವಲ್ಲ. ಇಂಗ್ಲಿಷಿನ ಹಾಗೆ ಒಂದು ಅಕ್ಷರ ಒಂದು ಬಿಲ್ಲೆ ಅಂತ ಮಾಡಿದರೆ ಕಾಗುಣಿತ ಎಲ್ಲಿಗೆ ಹೋಗಬೇಕು, ಒತ್ತು ಎಲ್ಲಿಗೆ ಹೋಗಬೇಕು? ಆಕೆ ಗುಣಿತದ ಚಿಹ್ನೆಗಳನ್ನು ಪಾರದರ್ಶಕ ಪ್ಲಾಸ್ಟಿಕ್ ಚೂರುಗಳ ಮೇಲೆ ಬರೆದಿದ್ದಳು. ಕ ಮೇಲೆ ಕೊಂಬಿನ ಚೂರು ಇಟ್ಟರೆ ಕು ಆಗುತ್ತಿತ್ತು. ಒತ್ತಕ್ಷರಗಳನ್ನು ಅರ್ಧ ಅಳತೆಯ ಬಿಲ್ಲೆ ಮಾಡಿ ಕೆಳಗೆ ಇಡುವ ಹಾಗೆ ಮಾಡಿದ್ದಳು. ನಾನು ಕೀಲಿಮಣೆಯ ಮೇಲೆ ದಿನವಿಡೀ ಮಾಡುತ್ತಿದ್ದುದೂ ಅದೇ. ಮೊದಲು ವ್ಯಂಜನ, ಆಮೇಲೆ ಗುಣಿತ, ಆಮೇಲೆ ಒತ್ತು. ಮನೆ, ಗಂಡ, ಹೊಳಪಾದ ಗುಳಿಗಳು ಆಕೆಯವೇ ಇರಲಿ ಎಂದುಕೊಂಡರೂ, ಅಕ್ಷರವಾದರೂ ನನ್ನದು ಎಂದು ನಂಬಿದ್ದೆ. ಅಲ್ಲಿಗೂ ಆಕೆ ಮೊದಲೇ ಬಂದು ಹೋಗಿದ್ದಳು. ಅಕ್ಷರಗಳು ಚಂದವಿದ್ದವು. ಅವು ಚಂದವಿಲ್ಲ ಎಂದು ಬರೆಯಲು ಸಾಧ್ಯವಿದ್ದರೆ ಬರೆಯುತ್ತಿದ್ದೆನೇನೋ. ಸ್ಥಿತಿಯ ಜಾಗದಲ್ಲಿ ಅಂಥ ಮಾತಿಗೆ ಎಡೆಯಿಲ್ಲ.

ಕೆಲವು ಬಿಲ್ಲೆ ಕಳೆದಿದ್ದವು. ಳ ಒಂದೂ ಇರಲಿಲ್ಲ. ದೀರ್ಘ ಇರಲಿಲ್ಲ, ಯ ಒತ್ತು ಇರಲಿಲ್ಲ. ಳ ಇಲ್ಲದೆ ಕನ್ನಡದಲ್ಲಿ ಏನು ಆಡುತ್ತೀರಿ? ಮಳೆ ಇಲ್ಲ, ಬೆಳೆ ಇಲ್ಲ, ಹೆಂಗಸರ ಕೈಗೆ ಬಳೆ ಇಲ್ಲ. ಅವರಿಗೆ ಹೇಳದೆ ಪೇಟೆಗೆ ಹೋಗಿ ರಟ್ಟು, ಪ್ಲಾಸ್ಟಿಕ್ ಹಾಳೆ ತಂದೆ. ಆಕೆಯ ಕೈಯ ಓರೆಯನ್ನೇ ಹಿಡಿದು ಬರೆದೆ. ಳದ ಹೊಟ್ಟೆಯನ್ನು ಆಕೆ ಹೇಗೆ ಬರೆಯುತ್ತಿದ್ದಿರಬಹುದು ಎಂದು ಲ ನೋಡಿ, ಅ ನೋಡಿ ಊಹಿಸಿದೆ. ಮಧ್ಯಾಹ್ನಗಳೆಲ್ಲ ಅದರಲ್ಲೇ ಕಳೆದವು. ಆ ಹೊತ್ತಿನಲ್ಲಿ ಹೊಟ್ಟೆಯ ಉರಿ ಸ್ವಲ್ಪ ತಣ್ಣಗಾಗಿತ್ತು. ಕೆಲಸ ಮುಗಿದಾಗ, ಅಕ್ಷರದ ಕಡೆಯಿಂದ ನೋಡಿದರೆ, ಆಕೆಯದು ಯಾವುದು ನನ್ನದು ಯಾವುದು ಎಂದು ನನಗಲ್ಲದೆ ಯಾರಿಗೂ ತಿಳಿಯುವ ಹಾಗಿರಲಿಲ್ಲ.

ಸಂಜೆ ಡಬ್ಬ ಅವರ ಮುಂದೆ ಇಟ್ಟೆ. "ಪೂರ್ತಿ ಮಾಡೀನಿ ನೋಡ್ರಿ."

ಅವರು ಒಂದು ಳ ತೆಗೆದು ಬೆಳಕಿಗೆ ಹಿಡಿದರು. ಬೆನ್ನು ತಿರುಗಿಸಿದರು. ಅಲ್ಲಿ ಬಂಗಾರದ ಅಕ್ಷರವಿರಲಿಲ್ಲ. "ನೀನು ಮಾಡಿದ್ದಾ? ಚೆನ್ನಾಗೈತೆ," ಎಂದರು. ಆಮೇಲೆ ನಿಧಾನವಾಗಿ ನನ್ನ ಬಿಲ್ಲೆಗಳನ್ನೆಲ್ಲ ಒಂದೊಂದಾಗಿ ಆರಿಸಿ ಹೊರಗಿಟ್ಟರು. "ಇವನ್ನ ಬೇರೆ ಡಬ್ಬ್ಯಾಗೆ ಇಡು. ಇದರಾಗೆ ಕಲಸಬೇಡ."

"ಯಾಕೆ?"

"ಇದು ಇದ್ದಂಗೇ ಇರಲಿ."

ಕ್ಯಾಟಲಾಗಿನ ನಿಯಮದಲ್ಲಿ ಅದು ಸರಿಯೇ. ಬದಲಿ ಕಾಯಿಗಳನ್ನು ಮೂಲದ ಜೊತೆ ಕಲಸಬಾರದು, ಕಲಸಿದರೆ ಬರೆಯಬೇಕು. ನನಗೆ ಆ ನಿಯಮ ಅವರಿಗಿಂತ ಚೆನ್ನಾಗಿ ಗೊತ್ತಿತ್ತು. ಆದರೂ ಆ ಮಾತು ಬಿಲ್ಲೆಗೆ ಹೇಳಿದ್ದು ಎಂದು ನನ್ನ ಕಿವಿ ಒಪ್ಪಲಿಲ್ಲ. ಮರುದಿನ ಬೆಳಿಗ್ಗೆ, ಅವ್ವನಿಗೆ ಹುಷಾರಿಲ್ಲ ಎಂದು ಹೇಳಿ ಸಾಸ್ವೆಹಳ್ಳಿ ಮೇಲೆ ಹೋಗುವ ಬಸ್ಸು ಹತ್ತಿ ಚನ್ನಗಿರಿಗೆ ಹೋದೆ.

ಅವ್ವ ಹುಷಾರಾಗಿಯೇ ಇದ್ದಳು. ಅಂಗಳದಲ್ಲಿ ಕಡಲೆಬೇಳೆ ಆರಿಸುತ್ತಿದ್ದಳು. ಎರಡು ದಿನ ಸುಮ್ಮನಿದ್ದು ಮೂರನೆಯ ದಿನ ಕೇಳಿದಳು. ನಾನು ಎಲ್ಲ ಹೇಳಿದೆ, ಬಿಲ್ಲೆಯ ವಿಷಯ ಹೇಳುವಾಗ ಅತ್ತುಬಿಟ್ಟೆ.

"ಸತ್ತೋಳ ಮ್ಯಾಲೆ ಹೊಟ್ಟೆಕಿಚ್ಚು ಪಡ್ತಾರೇನೆ? ಬದುಕಿದ್ರೆ ಜಗಳಾಡಿ ಮುಗಿಸಬೋದಿತ್ತು. ಈಗ ಯಾರ ಕುಟೆ ಆಡ್ತೀ?"

"ಅದಕ್ಕೇ ಅವ್ವ ಉರಿಯೋದು."

"ಆ ಮನುಷ್ಯ ಹೊಡೀತಾನಾ, ಬೈತಾನಾ?"

"ಇಲ್ಲ."

"ಮತ್ತೆ? ರಟ್ಟಿನ ಚೂರಿಗೆ ಅಳ್ತಾ ಕೂತ್ರೆ ನಾಳೆ ಇಡೀ ಸಂಸಾರಕ್ಕೆ ಅಳಾಕೆ ಕಣ್ಣೀರು ಉಳಿಯಲ್ಲ," ಎಂದು ಮೊರ ನನ್ನ ಮುಂದೆ ತಳ್ಳಿದಳು. ಬೇಳೆ ಆರಿಸಿದೆ. ಅವ್ವನ ಮಾತು ಸರಿಯೆನಿಸಿದರೂ ಉರಿ ಆರಲಿಲ್ಲ.

ಭಾನುವಾರ ಅವರು ಬೈಕಿನಲ್ಲಿ ಬಂದರು. ಸೂಳೆಕೆರೆಯ ಏರಿಯ ಮೇಲೆ ಬರುವಾಗ ಮೀನು ಹಿಡಿಸಿಕೊಂಡು ಬರೋಣ ಅನಿಸಿತಂತೆ, ಆಮೇಲೆ ನಮ್ಮ ಮನೆಯಲ್ಲಿ ಮೀನು ಮಾಡುವುದಿಲ್ಲವೆಂಬುದು ನೆನಪಾಯಿತಂತೆ. ಅದನ್ನೇ ದೊಡ್ಡ ಸುದ್ದಿಯ ಹಾಗೆ ಹೇಳಿ ಅವ್ವನನ್ನು ನಗಿಸಿದರು. ಹೊರಡುವಾಗ ನನಗೆ ಹೇಳಿದರು: "ಗುರುವಾರ ಜಗಳೂರಿಗೆ ಹೋಗಬೇಕು. ಆಕೆಯ ತಂಗಿ ಹೊಸ ಅಂಗಡಿ ಮಾಡ್ಯಾಳೆ. ಪೂಜೆ. ನಿನ್ನ ಕರಕೊಂಡೇ ಬರಬೇಕು ಅಂತ ಹಟ ಹಿಡಿದಾಳೆ."

ಬೇಡ ಅನ್ನಬಹುದಿತ್ತು. ಆಕೆ ಹುಟ್ಟಿದ ಊರು, ಆಕೆ ಆಡಿದ ಮನೆ ಹೇಗಿದೆಯೋ ನೋಡಿಯೇ ಬಿಡಬೇಕು ಎಂಬ ಕೆಟ್ಟ ಆಸೆ ನನ್ನನ್ನು ಹೊರಡಿಸಿತು.

ದಾವಣಗೆರೆಯಲ್ಲಿ ಬಸ್ಸು ಬದಲಿಸಿ ಜಗಳೂರು ತಲುಪುವಷ್ಟರಲ್ಲಿ ಬಿಸಿಲು ಏರಿತ್ತು. ರಸ್ತೆಯ ಪಕ್ಕದಲ್ಲಿ ಒಣಗಲು ಹರವಿದ ಮೆಕ್ಕೆಜೋಳ, ದೂರದಲ್ಲಿ ಕುರಿಮಂದೆ. ಬಸ್ ನಿಲ್ದಾಣದ ಹಿಂದಿನ ಸಂದಿಯಲ್ಲಿ ತಂಗಿಯ ಅಂಗಡಿ. ಹೆಂಗಸರ ರವಿಕೆ ಹೊಲಿಯುತ್ತಾಳೆ. ಗಂಡ ಶೇಂಗಾ ಮಂಡಿಯಲ್ಲಿ ಕೆಲಸಕ್ಕಿದ್ದಾನೆ. ನನ್ನನ್ನು ಕಂಡವಳೇ ಬಂದು ಎರಡೂ ಕೈ ಹಿಡಿದುಕೊಂಡಳು. ಅದೇ ಅಗಲ ಹಣೆ. ಆದರೆ ಈ ತುಟಿಗೆ ನಗಲೋ ಬೇಡವೋ ಎಂಬ ಅನುಮಾನವಿರಲಿಲ್ಲ, ಅದು ನಕ್ಕೇ ಬಿಟ್ಟಿತ್ತು.

"ಬರ್ರಿ ಅಕ್ಕಾ. ನಮ್ಮಕ್ಕನ ಜಾಗಕ್ಕೆ ಬಂದೋರು ನಮಗೆ ಅಕ್ಕಾನೇ."

ಜಾಗ ಎಂಬ ಮಾತು ಮುಳ್ಳಿನ ಹಾಗೆ ಚುಚ್ಚಿತು. ನಾನೂ ನಕ್ಕೆ.

ಪೂಜೆ ಮುಗಿದು ಬಂದವರಿಗೆಲ್ಲ ಮಂಡಕ್ಕಿ ಮೆಣಸಿನಕಾಯಿ ಕೊಟ್ಟಾಯಿತು. ಗಂಡಸರು ಮಂಡಿಯ ಕಡೆ ಹೋದರು. ಅಂಗಡಿಯಲ್ಲಿ ನಾವಿಬ್ಬರೇ ಉಳಿದೆವು. ಆಕೆ ಬಟ್ಟೆ ಕತ್ತರಿಸುವ ಮೇಜಿನ ಎದುರು ನನ್ನನ್ನು ಕೂರಿಸಿ ಚಹಾ ಕೊಟ್ಟಳು.

"ಅಕ್ಕಾ, ನೀವು ಬರೆದಿದ್ದೆಲ್ಲ ಓದೀನಿ. ಭಾವ ಲಿಂಕ್ ಕಳಿಸಿದ್ರು. ಓದ್ತಾ ಓದ್ತಾ ಕೈಯಾಗೆ ಡಬ್ಬ ಹಿಡಕಂಡಂಗೇ ಆತು."

"ಹೌದಾ?"

"ಒಂದು ಮಾತ್ರ ನಿಮಗೆ ತಿಳಿದಿಲ್ಲ. ವ್ಯಾಪಾರದ ಆಟದ ಹಲಗೆ ಮ್ಯಾಲೆ ಗೀರು ಅದಾವೆ, ಕಾರಣ ಗೊತ್ತಿಲ್ಲ ಅಂತ ಬರೆದೀರಿ."

"ಹೌದು, ಗೊತ್ತಾಗಲಿಲ್ಲ."

ಆಕೆ ಮುಂಗೈಯನ್ನು ಮೇಜಿನ ಅಂಚಿಗೆ ಊರಿ, ದಾಳ ಎಸೆಯುವವಳ ಹಾಗೆ ಮುಂದಕ್ಕೆ ಜಾರಿಸಿದಳು. ಗಾಜಿನ ಬಳೆಗಳು ಕಟ್ಟಿಗೆಯನ್ನು ಉಜ್ಜಿದವು. "ಇದು," ಎಂದಳು.

ನಾನು ಆ ಮೇಜಿನ ಅಂಚನ್ನು ನೋಡಿದೆ. "ಗೀರು ಎರಡೂ ಅಂಚಿಗೆ ಐತಲ್ಲ," ಎಂದೆ.

"ಎರಡೂ ಕಡೆ ಬಳೆ ತೊಟ್ಟೋರೇ ಕೂತಿದ್ವಿ. ಆ ಕಡೆ ಅಕ್ಕ, ಈ ಕಡೆ ನಾನು."

"ಮತ್ತೆ ಇವರು?"

"ಯಾರು, ಭಾವನಾ? ಅವರೆಲ್ಲಿ ಆಡ್ತಿದ್ರು? ಕುರಿಗೆ ಲಸಿಕೆ ಹಾಕಾಕೆ ಹಟ್ಟಿ ಹಟ್ಟಿ ಸುತ್ತಿ ಬರೋರು. ಬಂದ್ರೆ ಊಟ, ನ್ಯೂಸು, ನಿದ್ದಿ. ಅಕ್ಕ ಒಂದಾಟ ಬರ್ರಿ ಅಂತ ಕರೆದೂ ಕರೆದೂ ಸಾಕಾಗಿ ನನ್ನ ಕರೀತಿದ್ಲು. ನಮ್ಮ ಮನೆ ಎದುರುಗಡೇನೇ ಇತ್ತು. ಬೆಳಿಗ್ಗೆ ಅವರ ಬೈಕಿನ ಸದ್ದು ಹೋತು ಅಂದ್ರೆ ನಾನು ಓಡಿದೆ ಅಂತ್ಲೇ."

ನನಗೆ ಆಗ ಏನಾಯಿತು ಎಂದು ಮುಚ್ಚಿಡದೆ ಹೇಳಬೇಕೆಂದರೆ, ಮೊದಲು ಸಂತೋಷವಾಯಿತು. ತಿಂಗಳುಗಟ್ಟಲೆ ಹೊತ್ತ ಮೂಟೆ ಇಳಿದ ಹಾಗೆ ಹೆಗಲು ಹಗುರಾಯಿತು. ಅವರು ಮೊದಲನೆಯಾಕೆಯ ಎದುರೂ ಟಿವಿಯ ಮುಂದೆಯೇ ನಿದ್ದೆ ಹೋಗಿದ್ದರು. ನನಗೆ ಬಂದದ್ದು ಉಳಿದವನಲ್ಲ, ಇದ್ದವನೇ. ಅದರ ಬೆನ್ನಿಗೇ ಆ ಫೋಟೋದ ತುಟಿ ನೆನಪಾಯಿತು. ಕರೆದೂ ಕರೆದೂ ಸಾಕಾದ ಹೆಂಗಸು. ಆಕೆಯ ದುಃಖದಲ್ಲಿ ನನ್ನ ಸಂತೋಷ ಹುಟ್ಟಿದ್ದನ್ನು ಕಂಡು ನಾಚಿಕೆಯಾಗಿ ಚಹಾದ ಲೋಟ ಕೆಳಗಿಟ್ಟೆ. ಅದೂ ಹೆಚ್ಚು ಹೊತ್ತು ಉಳಿಯಲಿಲ್ಲ. ಎದುರಿಗೆ ಕೂತವಳು ಅಕ್ಕನ ಬಗ್ಗೆ ಹೇಳುತ್ತ ಹೋದ ಹಾಗೆ, ಅಕ್ಕ ಸೋತರೆ ಹೇಗೆ ಮುಖ ತಿರುಗಿಸುತ್ತಿದ್ದಳು, ಸಾರು ಸೀದುಹೋದದ್ದು, ನೀಲಿ ಗುಂಡಿಗಾಗಿ ಇಡೀ ಪೆಟ್ಟಿಗೆ ಸುರುವಿದ್ದು, ನನ್ನ ಹೊಟ್ಟೆಯಲ್ಲಿ ಹಳೆಯ ಉರಿ ಬೇರೆ ಕಡೆಯಿಂದ ಹತ್ತಿಕೊಂಡಿತು. ನನಗೆ ಅಕ್ಕತಂಗಿಯರಿಲ್ಲ. ಅರಿಶಿನದ ಕೈಯಲ್ಲಿ ಓಡಿ ಬಂದು ಎದುರು ಕೂರುವಂಥ ಒಬ್ಬಳು ಗೆಳತಿಯೂ ಇರಲಿಲ್ಲ. ಇಷ್ಟು ದಿನ ಗಂಡನ ವಿಷಯದಲ್ಲಿ ಉರಿದೆ ಎಂದುಕೊಂಡಿದ್ದೆ. ನಾನು ಉರಿದದ್ದು ಆ ಎರಡು ಸವೆದ ಅಂಚುಗಳಿಗೆ, ಎದುರಿನಲ್ಲಿ ಯಾರು ಕೂತಿದ್ದರೂ ಸರಿ.

"ನಿಮಗೊಂದು ಮಾತು ಹೇಳ್ಲಾ ಅಕ್ಕಾ? ಬ್ಯಾಸರ ಮಾಡ್ಕಬ್ಯಾಡ್ರಿ," ಎಂದಳು ಆಕೆ. "ನಿಮ್ಮ ಮದುವೆಗೆ ನಾನು ಬರಲಿಲ್ಲ. ಹೊಟ್ಟೆ ಉರೀತಿತ್ತು."

"ನನ್ನ ಮ್ಯಾಲಾ?"

"ಮತ್ತೆ? ಆ ಡಬ್ಬ ಎಲ್ಲಾ ನಿಮ್ಮ ಮನಿಗೆ ಹೋದ್ವು. ಅಕ್ಷರದ ಆಟ ಒಂದು ಕೊಡ್ರಿ ಭಾವ ಅಂತ ಕೇಳಿದ್ದೆ. ಅಕ್ಕ ಬರೆದ್ಲು, ಕತ್ತರಿಸಿದೋಳು ನಾನು. ಒಟ್ಟಿಗಿರಲಿ ಬಿಡು ಅಂದ್ರು. ಆಮ್ಯಾಲೆ ನೀವು ಬಂದ್ರಿ. ನೀವೇ ಅದನ್ನ ಮುಟ್ಟಿ ಮುಟ್ಟಿ ಬರೀತಿದ್ದೀರಿ ಅಂತ ಓದಿದಾಗ ಎರಡು ದಿನ ಫೋನ್ ತೆಗೀಲಿಲ್ಲ ನಾನು."

ಹೊರಗೆ ಬಸ್ಸೊಂದು ಹಾರ್ನ್ ಹಾಕುತ್ತ ನಿಲ್ದಾಣದೊಳಗೆ ತಿರುಗಿತು.

ವಾಪಸು ಬರುವಾಗ ದಾವಣಗೆರೆಯಲ್ಲಿ ಹೊನ್ನಾಳಿ ಬಸ್ಸಿಗೆ ಕಾಯುತ್ತ ಕಲ್ಲುಬೆಂಚಿನ ಮೇಲೆ ಕೂತಿದ್ದೆವು.

"ನೀವು ಆಡ್ತಾನೇ ಇರ್ಲಿಲ್ವಂತೆ," ಎಂದೆ.

ಅವರು ಕೈಯಲ್ಲಿದ್ದ ಟಿಕೆಟನ್ನು ಮಡಿಚಿದರು. "ಇಲ್ಲ."

"ಇಬ್ರೂ ಆಡ್ತಿದ್ರಾ ಅಂತ ಕೇಳಿದ್ದೆ ನಾನು."

"ಇಬ್ರೂ ಆಡ್ತಿದ್ರು ಅಂತ್ಲೇ ಹೇಳಿದ್ದು. ಅಕ್ಕ ತಂಗಿ." ಆಮೇಲೆ ಬಹಳ ಹೊತ್ತು ಬಸ್ಸುಗಳ ಬೋರ್ಡು ಓದುತ್ತಿದ್ದರು. "ಅವಳು ಹೋದ ಮ್ಯಾಲೆ ಡಬ್ಬ ತೆಗೆದು ನಿಯಮ ಓದಿದೆ. ಒಬ್ಬನೇ ಆಡಿ ಕಲಿತೆ. ಈ ಕಡೆ ಕೂತು ಒಂದು ಸಲ ದಾಳ ಹಾಕೋದು, ಎದ್ದು ಆ ಕಡೆ ಹೋಗಿ ಕೂತು ಇನ್ನೊಂದು ಸಲ. ಹಿಂಗೆ ಇದ್ದಾಗ ಆ ಸೈಟು ಸಿಕ್ತು. ನನ್ನಂಥೋರು ಬಹಳ ಜನ ಅದಾರೆ ಅನ್ನಿಸ್ತು."

"ನಾನು ಮಾಡಿದ ಬಿಲ್ಲೆ?"

"ನಿನ್ನದು ಬೇಡ ಅಂತ ಅಲ್ಲ. ಅವಳು ಕರೆದಾಗ ಹೋಗಲಿಲ್ಲ. ಅವಳು ಬಿಟ್ಟು ಹೋಗಿದ್ದನ್ನಾದ್ರೂ ನೆಟ್ಟಗೆ ಇಡಬೇಕು ಅಂತ."

ನನಗೆ ಅವರ ಮೇಲೆ ಸಿಟ್ಟು ಬರಲಿಲ್ಲ. ಇಷ್ಟು ಮಾತನ್ನು ಅವರು ಒಂದೇ ಸಲಕ್ಕೆ ಆಡಿದ್ದೇ ಅದು ಮೊದಲು. ಆದರೂ ಹೇಳಬೇಕಾದ್ದನ್ನು ಹೇಳಿದೆ. "ಹಂಗಾದ್ರೆ ಅಕ್ಷರದ ಆಟ ಇರಬೇಕಾದ್ದು ನಮ್ಮ ಮನೇಲಲ್ಲ. ಕತ್ತರಿಸಿದೋಳು ಕೇಳಿದ್ರೆ ಇಲ್ಲ ಅಂದೀರಿ."

ಬಸ್ಸು ಬಂತು, ಹತ್ತಿದೆವು. ಮನೆಯ ಬಾಗಿಲ ಬೀಗ ತೆಗೆಯುವಾಗ ಅವರಾಗಿಯೇ, "ಆಕೇನ ಒಂದಿನ ಬರಾಕೆ ಹೇಳು. ನೀನೇ ಫೋನ್ ಮಾಡು," ಎಂದರು.

ಆಕೆ ಭಾನುವಾರ ಬೆಳಗಿನ ಬಸ್ಸಿಗೇ ಬಂದಳು. ಮೊದಲು ಅಕ್ಕನ ಫೋಟೋದ ಮುಂದೆ ನಿಂತಳು, ಕಣ್ಣೊರೆಸಿಕೊಂಡಳು, ಮುಖ ತೊಳೆದು ಬಂದು ಚಾಪೆ ಹಾಸಿದಳು. ಸಿಹಿ ಡಬ್ಬವನ್ನು ಮಗುಚಿ ಬಿಲ್ಲೆಗಳನ್ನೆಲ್ಲ ಸುರಿದಳು. "ಳ ಎಲ್ಲಿ?" ಎಂದಳು. ನಾನು ಬೇರೆ ಡಬ್ಬದಲ್ಲಿದ್ದ ನನ್ನ ಬಿಲ್ಲೆಗಳನ್ನು ತಂದುಕೊಟ್ಟೆ. ಆಕೆ ಒಂದನ್ನೂ ತಿರುಗಿಸಿ ನೋಡದೆ ಎರಡೂ ಕೈಯಿಂದ ಕಲಸಿಬಿಟ್ಟಳು. ಬಾಗಿಲಲ್ಲಿ ನಿಂತಿದ್ದ ನನ್ನ ಗಂಡ ಕಲಸಿಹೋದ ಬಿಲ್ಲೆಗಳನ್ನೇ ನೋಡಿದರು.

"ಭಾವಾ, ನೀವೂ ಬರ್ರಿ. ನಿಂತ್ಕಂಡು ಏನು ನೋಡ್ತೀರಿ?"

ಅವರು ಬಂದು ಕೂತರು. ಆಕೆ ಆಡುವುದು ಯುದ್ಧದ ಹಾಗೆ. ನಾನು ಅಕ್ಷರದವಳೆಂಬ ಹೆಮ್ಮೆ ಊಟದ ಹೊತ್ತಿನೊಳಗೆ ಮಣ್ಣುಪಾಲಾಯಿತು. ನಾನು ಕಟ್ಟಿದ ಪದದ ಕೆಳಗೆ ಒಂದು ಒತ್ತು ತೂರಿಸಿ ಅದನ್ನು ತನ್ನದು ಮಾಡಿಕೊಳ್ಳುತ್ತಿದ್ದಳು. ನನ್ನ ಗಂಡ ಪ್ರತಿ ಸರದಿಗೂ ಗಡ್ಡ ಕೆರೆದುಕೊಂಡು ಯೋಚಿಸಿ ಕೊನೆಗೆ "ಕುರಿ" ಎಂದು ಇಟ್ಟರು. ಅದಕ್ಕೆ ಆಕೆ ನಕ್ಕಳು, ಅವರೂ ನಕ್ಕರು, ಅಕ್ಕ ಇದ್ದಿದ್ರೆ ಏನನ್ನುತ್ತಿದ್ದಳು ಎಂದು ಒಬ್ಬರಿಗೊಬ್ಬರು ಹೇಳಿಕೊಂಡರು. ನಾನು ಕಾಣದ ಒಂದು ಮನೆಯ ಮಾತು ಅದು. ಚುರುಕ್ಕೆಂದಿತು. ಆದರೆ ಅಷ್ಟರಲ್ಲಿ ನನ್ನ ಸರದಿ ಬಂತು, ಕೈಯಲ್ಲಿ ಒಂದು ದೀರ್ಘವಿತ್ತು, ಅದನ್ನು ಎಲ್ಲಿಡುವುದು ಎಂದು ಹುಡುಕುವುದರಲ್ಲಿ ಉಳಿದದ್ದು ಹಿಂದೆ ಬಿತ್ತು.

ಸಂಜೆ ಆಕೆ ಡಬ್ಬವನ್ನು ಬ್ಯಾಗಿನಲ್ಲಿಟ್ಟುಕೊಂಡು ಹೊರಟಳು. ಆಕೆಯನ್ನು ಬಸ್ಸಿಗೆ ಬಿಟ್ಟು ಬಂದ ಮೇಲೆ ನನ್ನ ಗಂಡ ಫೋನ್ ತೆಗೆದು ಕ್ಯಾಟಲಾಗಿನ ಆ ಪುಟಕ್ಕೆ ತಾವೇ ಒಂದು ಸಾಲು ಸೇರಿಸಿದರು: "ಈ ಆಟ ಈಗ ಈ ಸಂಗ್ರಹದಲ್ಲಿಲ್ಲ, ಮಾಡಿದವರ ಹತ್ತಿರ ಇದೆ, ಆಡುತ್ತಿದ್ದಾರೆ." ಸೈಟಿನವರು ಅದು ಸ್ಥಿತಿಯ ವಿವರಣೆಯಲ್ಲ ಎಂದು ವಾಪಸ್ ಕಳಿಸಿದರು. ನನ್ನ ಗಂಡ ತಿದ್ದಲಿಲ್ಲ.

ಈಗ ವಾರಕ್ಕೊಂದು ಸಲ ಆಕೆ ಫೋನ್ ಮಾಡುತ್ತಾಳೆ. ಮೊನ್ನೆ ಮಾಡಿದಾಗ ಬಹಳ ಹುರುಪಿನಲ್ಲಿದ್ದಳು.

"ಅಕ್ಕಾ, ನಿನ್ನೆ ಎಂಥಾ ದೊಡ್ಡ ಪದ ಬಿತ್ತು ಗೊತ್ತಾ. ಎದುರಿಗಿದ್ದೋಳು ಎದ್ದೇ ಹೋಗಿಬಿಟ್ಳು."

"ಯಾರ ಜೊತೆ ಆಡಿದ್ರಿ?" ಎಂದೆ.

"ಪಕ್ಕದ ಬಳೆ ಅಂಗಡಿಯಾಕಿ. ದಿನಾ ಮಧ್ಯಾಹ್ನ ಬರ್ತಾಳೆ ಈಗ."

"ದಿನಾನಾ?" ಎಂದು ಕೇಳಿದೆ. ನನ್ನ ದನಿ ನನಗೇ ಕೇಳಿಸಿತು. ಅದರೊಳಗಿನ ಉರಿಯ ಗುರುತು ಸಿಗದೆ ಇರಲಿಲ್ಲ.